ಹೀರೇಕಾಯಿಯ ಪಲ್ಯ ಮತ್ತು ಪುಸ್ತಕದ ಬದನೆಕಾಯಿ

ಇಪ್ಪತ್ತು ವರ್ಷಗಳಿಂದ ಕನ್ನಡ ಸಾಹಿತ್ಯ ಚರಿತ್ರೆಯನ್ನು ಪಾಠ ಹೇಳಿ ಹೊಟ್ಟೆ ಹೊರೆಯುತ್ತಿರುವವನು ನಾನು. ವರ್ಷಕ್ಕೊಂದು ದಿನ ಮೂರನೆಯ ಮಂಗರಸನ ಸರದಿ ಬರುತ್ತದೆ. ಕಲ್ಲಹಳ್ಳಿಯ ಪ್ರಭು, ಜೈನಕವಿ, ಕಾಲ 16ನೆಯ ಶತಮಾನದ ಆದಿಭಾಗ, ‘ನೇಮಿಜಿನೇಶ ಸಂಗತಿ’, ‘ಸಮ್ಯಕ್ತ್ವ ಕೌಮುದಿ’ ಮೊದಲಾದವು ಆತನ ಕೃತಿಗಳು, ಇವಲ್ಲದೆ ವಾರ್ಧಕ ಷಟ್ಪದಿಯಲ್ಲಿ ‘ಸೂಪಶಾಸ್ತ್ರ’ವೆಂಬ ಪಾಕಗ್ರಂಥವನ್ನೂ ರಚಿಸಿದ್ದಾನೆ ಎಂದು ಹೇಳಿ, ವಿದ್ಯಾರ್ಥಿಗಳು ಅಷ್ಟನ್ನೂ ಬರೆದುಕೊಂಡರೆ ಎಂದು ನೋಡಿ, ಮುಂದಿನ ಕವಿಗೆ ಹೋಗುವುದು ನನ್ನ ಪದ್ಧತಿ. ಆ ಗ್ರಂಥದಲ್ಲಿ ಬದನೆಕಾಯಿಗೆ ದೊರೆತಿರುವ ವಿಶೇಷ ಮರ್ಯಾದೆಯನ್ನು ಹೇಳಿದಾಗ ತರಗತಿಯಲ್ಲಿ ನಗೆಯೇಳುತ್ತದೆ. ‘ಪುಸ್ತಕದ ಬದನೆಕಾಯಿ’ ಎಂಬ ಗಾದೆಯನ್ನು ನೆನಪಿಸಿ ಆ ನಗೆಯನ್ನು ಇನ್ನಷ್ಟು ಹೆಚ್ಚಿಸುವುದೂ ನನ್ನ ಪದ್ಧತಿಯೇ. ಆ ನಗೆ ನನ್ನ ಮೇಲೆಯೇ ತಿರುಗಿ ಬಿದ್ದ ಬಗೆಯನ್ನು ವಾಚಕರ ಮುಂದಿಡುವುದಕ್ಕಾಗಿ ಈ ಬರೆಹ.

ನನ್ನ ಹುಟ್ಟೂರು ಮಾಗಡಿ ಸೀಮೆಯ ಒಂದು ಹಳ್ಳಿ. ಇರುವುದು ರಾಮನಗರದಲ್ಲಿ. ನನ್ನಾಕೆ ಕನಕಪುರದ ಕಡೆಯ ಶಾಲೆಯೊಂದರ ಉಪಾಧ್ಯಾಯಿನಿ. ಅಕ್ಕನನ್ನು ಕೊಟ್ಟಿರುವುದು ಚನ್ನಪಟ್ಟಣಕ್ಕೆ. ಹೀಗೆ ನಾಲ್ಕು ತಾಲ್ಲೂಕುಗಳೂ ನಮ್ಮ ಮನೆಗೆ ನಾಲ್ಕು ದಿಕ್ಕುಗಳಿದ್ದಂತೆ. ಒಂದು ಕಾಲಕ್ಕೆ ಕ್ಲೋಸ್‌ಪೇಟೆ ಎನ್ನಿಸಿಕೊಂಡಿದ್ದ ಊರು ರಾಮನಗರವಾಯಿತು. 2007ರಲ್ಲಿ ನಾಲ್ಕು ತಾಲ್ಲೂಕುಗಳೂ ಸೇರಿ ಅದೇ ಹೆಸರಿನ ಜಿಲ್ಲೆಯಾಯಿತು. 2025ರಲ್ಲಿ ಆ ಜಿಲ್ಲೆಗೆ ಬೆಂಗಳೂರು ದಕ್ಷಿಣವೆಂದು ಹೆಸರಿಡಲು ಸಚಿವ ಸಂಪುಟ ಒಪ್ಪಿತು. ಹೆಸರುಗಳು ಹೇಗೆ ಬದಲಾದರೂ ಈ ಸೀಮೆಯ ಊಟದ ತಟ್ಟೆಯ ವಿನ್ಯಾಸ ನಾನು ಬಲ್ಲಮಟ್ಟಿಗೆ ಬದಲಾಗಿರಲಿಲ್ಲ: ನಡುವೆ ರಾಗಿಮುದ್ದೆ, ಅದರ ಬುಡದಲ್ಲಿ ಸಾರು, ಪಕ್ಕದಲ್ಲಿ ಒಂದು ಹಿಡಿ ಪಲ್ಯ. ಆ ಒಂದು ಹಿಡಿಯ ವಿಚಾರವೇ ಇಲ್ಲಿ ನನಗೆ ಮುಖ್ಯ.

ಎರಡು ವರ್ಷಗಳ ಹಿಂದೆ, ಮಳೆಗಾಲದ ಒಂದು ಬೆಳಿಗ್ಗೆ, ಅವ್ವ ಬಚ್ಚಲಲ್ಲಿ ಕಾಲು ಜಾರಿ ಬಿದ್ದಳು. ಸೊಂಟದ ಮೂಳೆಗೆ ಪೆಟ್ಟಾಯಿತು. ಶಸ್ತ್ರಚಿಕಿತ್ಸೆಯಾಗಿ ಮನೆಗೆ ಕರೆತಂದಾಗ ವೈದ್ಯರು ಎರಡು ಮಾತು ಹೇಳಿ ಕಳುಹಿಸಿದರು: ಮೂರು ತಿಂಗಳು ಒಲೆಯ ಹತ್ತಿರ ನಿಲ್ಲಕೂಡದು, ರಕ್ತದಲ್ಲಿ ಸಕ್ಕರೆ ಹೆಚ್ಚಿದೆಯಾದುದರಿಂದ ಮುದ್ದೆಯ ಗಾತ್ರವನ್ನು ಇಳಿಸಿ ತರಕಾರಿಯನ್ನು ಹೆಚ್ಚಿಸಬೇಕು. ನನ್ನಾಕೆ ಏಳು ಗಂಟೆಯ ಬಸ್ಸಿಗೆ ಹೊರಟರೆ ಹಿಂದಿರುಗುವುದು ಸಂಜೆಗೆ. ಬೆಳಗಿನ ಮುದ್ದೆಯನ್ನೂ ಸಾರನ್ನೂ ಅವಳು ಮಾಡಿಟ್ಟು ಹೋಗುತ್ತಿದ್ದಳು. ಮಧ್ಯಾಹ್ನದ ಹೊತ್ತಿಗೆ ಬಿಸಿಯಾಗಿ ಒಂದು ಪಲ್ಯವನ್ನಾದರೂ ಮಾಡಿ ಅವ್ವನಿಗೆ ಬಡಿಸುವ ಹೊಣೆ ನನಗೆ ಬಂದಿತು. ಆಗ ನನಗೆ ನಲವತ್ತನಾಲ್ಕು ವರ್ಷ. ಚಹಾ ಕಾಯಿಸುವುದರ ಹೊರತು ಅಡುಗೆಮನೆಯಲ್ಲಿ ನನಗೆ ಬೇರೆ ಯಾವ ವಿದ್ಯೆಯೂ ತಿಳಿದಿರಲಿಲ್ಲ.

ಮೊದಲನೆಯ ದಿನ ತಂದದ್ದು ಹೀರೇಕಾಯಿ. ಅದನ್ನು ಆರಿಸಿಕೊಂಡದ್ದಕ್ಕೆ ಘನವಾದ ಕಾರಣವೇನೂ ಇರಲಿಲ್ಲ. ತಳ್ಳುಗಾಡಿಯಲ್ಲಿ ಅದೊಂದೇ ಉಳಿದಿತ್ತು. ಸಿಪ್ಪೆ ಹೆರೆದು, ಹೋಳು ಮಾಡಿ, ಬಾಣಲೆಗೆ ತುಂಬಿದೆ. ರಾಶಿ ಬಾಣಲೆಯ ಅಂಚನ್ನು ಮೀರಿ ನಿಂತಿತು. ಆ ರಾಶಿಗೆ ತಕ್ಕಷ್ಟು ಉಪ್ಪನ್ನು ಹಾಕಿದೆ. ಬೇಯಬೇಕಲ್ಲ ಎಂದು ಒಂದು ಲೋಟ ನೀರನ್ನೂ ಸುರಿದೆ. ಕಾಲು ಗಂಟೆ ಕಳೆದು ಮುಚ್ಚಳ ತೆಗೆದಾಗ ರಾಶಿ ಮಾಯವಾಗಿ, ತಳದಲ್ಲಿ ಉಪ್ಪುನೀರಿನ ಮಡುವೂ ಅದರಲ್ಲಿ ತೇಲುವ ಹಸುರು ಚೂರುಗಳೂ ಕಂಡವು. ಅವ್ವ ಒಂದು ತುತ್ತು ಬಾಯಿಗಿಟ್ಟುಕೊಂಡು, ನುಂಗಿ, ನಗದೆಯೇ ಹೇಳಿದಳು: “ಉಪ್ಪು ಹಾಕೋ ಮುಂಚೆ ತರಕಾರಿ ಎಷ್ಟೈತೆ ಅಂತ ನೋಡಬಾರ್ದು ಕಣಪ್ಪ, ಬೆಂದ ಮೇಲೆ ಎಷ್ಟಾಯ್ತದೆ ಅಂತ ನೋಡ್ಬೇಕು. ಅದರ ಮೈಯೆಲ್ಲ ನೀರೇ, ನೀನ್ಯಾಕೆ ಮತ್ತೆ ನೀರು ಹುಯ್ದೆ?”

ಹೀರೇಕಾಯಿಯ ತೂಕದಲ್ಲಿ ನೂರಕ್ಕೆ ತೊಂಬತ್ತು ಭಾಗಕ್ಕಿಂತ ಹೆಚ್ಚು ನೀರೆಂಬುದು ಆಹಾರವಿಜ್ಞಾನದ ಪುಸ್ತಕದಲ್ಲಿ ಕೋಷ್ಟಕವಾಗಿ ದೊರೆಯುತ್ತದೆ. ಅವ್ವ ಆ ಕೋಷ್ಟಕವನ್ನು ಓದಿದವಳಲ್ಲ. ಆದರೆ ಅದರಿಂದ ಹುಟ್ಟಬೇಕಾದ ನಿಯಮ ಅವಳ ಕೈಯಲ್ಲಿತ್ತು. ಮಂಗರಸನನ್ನು ಇಪ್ಪತ್ತು ವರ್ಷ ಪಾಠ ಹೇಳಿದ ನನ್ನ ಕೈಯಲ್ಲಿ ಏನಿತ್ತೆಂಬುದನ್ನು ಆ ದಿನದ ಬಾಣಲೆಯೇ ಹೇಳಿತು. ಪುಸ್ತಕದ ಬದನೆಕಾಯಿ ಯಾರೆಂಬುದರ ಬಗ್ಗೆ ನನಗೆ ಆಮೇಲೆ ಸಂಶಯ ಉಳಿಯಲಿಲ್ಲ.

ಮಂಚದ ಮೇಲಿಂದ ಅವ್ವ ಹೇಳುತ್ತ, ಒಲೆಯ ಮುಂದೆ ನಾನು ಮಾಡುತ್ತ, ವಾರವೊಂದರಲ್ಲಿ ಪಲ್ಯ ಕೈಗೆ ಹತ್ತಿತು. ನನ್ನ ವಿದ್ಯಾರ್ಥಿಗಳಿಗೆ ಉಪಯೋಗವಾದೀತೆಂದು ಆ ಕ್ರಮವನ್ನು ಬರೆದಿಡುತ್ತೇನೆ. ಅರ್ಧ ಕಿಲೋ ಎಳೆಯ ಹೀರೇಕಾಯಿ ಮೂವರಿಗೆ ಸಾಕು. ಎಳೆಯದೋ ಬಲಿತದ್ದೋ ಎಂಬುದನ್ನು ಉಗುರಿನಿಂದ ತಿಳಿಯಬಹುದು: ಉಗುರು ಸುಲಭವಾಗಿ ಇಳಿದರೆ ಎಳೆಯದು. ಏಣುಗಳನ್ನು ಮಾತ್ರ ಹೆರೆದು, ನಡುನಡುವಿನ ಹಸುರನ್ನು ಹಾಗೆಯೇ ಬಿಡಬೇಕು. ಹೆಚ್ಚುವ ಮೊದಲು ಪ್ರತಿಯೊಂದು ಕಾಯಿಯ ತುದಿಯಿಂದಲೂ ಚೂರೊಂದನ್ನು ನಾಲಗೆಗಿಟ್ಟು ನೋಡಬೇಕು. ಕಹಿಯಿದ್ದರೆ ಆ ಕಾಯಿಯನ್ನು ಎಸೆಯಬೇಕು. ಎರಡು ಚಮಚ ಎಣ್ಣೆ ಕಾಯಿಸಿ, ಸಾಸಿವೆ ಸಿಡಿದ ಮೇಲೆ ಉದ್ದಿನಬೇಳೆ, ಮುರಿದ ಒಣಮೆಣಸಿನಕಾಯಿ, ಕರಿಬೇವು ಹಾಕಿ, ಹೆಚ್ಚಿದ ಒಂದು ಈರುಳ್ಳಿಯನ್ನು ಬಾಡಿಸಬೇಕು. ಅರ್ಧ ಗಂಟೆ ನೆನೆದ ಒಂದು ಹಿಡಿ ಹೆಸರುಬೇಳೆಯನ್ನೂ ಹೋಳುಗಳನ್ನೂ ಹಾಕಿ ಮುಚ್ಚಿಟ್ಟರೆ ಹೀರೇಕಾಯಿ ತನ್ನ ನೀರಿನಲ್ಲಿ ತಾನೇ ಬೇಯುತ್ತದೆ, ಬೇಳೆಯನ್ನೂ ಬೇಯಿಸುತ್ತದೆ. ಹತ್ತು ನಿಮಿಷ ಸಾಕು. ಕುಗ್ಗಿದ ಮೇಲೆ ಉಪ್ಪು. ಇಳಿಸುವಾಗ ತೆಂಗಿನತುರಿ, ಅದಿಲ್ಲದಿದ್ದರೆ ಹುರಿದು ಪುಡಿ ಮಾಡಿದ ಹುಚ್ಚೆಳ್ಳು ಒಂದು ಚಮಚ. ಹೆರೆದ ಸಿಪ್ಪೆಯನ್ನು ಎಸೆಯುವಂತಿಲ್ಲ. ಅದನ್ನು ಮೆಣಸಿನಕಾಯಿ ಉದ್ದಿನಬೇಳೆಗಳೊಡನೆ ಹುರಿದು, ಹುಣಸೆಹಣ್ಣು ಉಪ್ಪು ಸೇರಿಸಿ ಅರೆದರೆ ಮರುದಿನದ ಚಟ್ನಿ.

ಕಹಿಯ ವಿಚಾರವನ್ನು ಹಗುರವಾಗಿ ಹೇಳಿದೆನೆಂದು ಯಾರೂ ಭಾವಿಸಬಾರದು. ಸೋರೆ, ಹೀರೆ, ಸೌತೆಗಳ ಕುಲದಲ್ಲಿ ಕೆಲವೊಮ್ಮೆ ಕುಕುರ್ಬಿಟಸಿನ್ ಎಂಬ ಕಹಿ ವಿಷ ಸೇರಿಕೊಳ್ಳುತ್ತದೆ. ಬೇಯಿಸಿದರೂ ಅದು ಹೋಗುವುದಿಲ್ಲ. 2010ರಲ್ಲಿ ದೆಹಲಿಯಲ್ಲಿ ಆರೋಗ್ಯಕ್ಕೆಂದು ಸೋರೆಕಾಯಿಯ ಕಹಿ ರಸವನ್ನು ಕುಡಿದ ವಿಜ್ಞಾನಿಯೊಬ್ಬರು ತೀರಿಕೊಂಡರು. ಬಳಿಕ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ತಜ್ಞರ ಸಮಿತಿ ಕೊಟ್ಟ ಸಲಹೆಯ ಸಾರ ಇಷ್ಟೆ: ಮೊದಲು ರುಚಿ ನೋಡಿ, ಕಹಿಯಿದ್ದರೆ ಬಿಸುಡಿ. ಅವ್ವ ಈಳಿಗೆಮಣೆಯ ಮುಂದೆ ಕುಳಿತು ಪ್ರತಿಯೊಂದು ಕಾಯಿಯ ತುದಿಯನ್ನೂ ಕಚ್ಚಿ ನೋಡುತ್ತಿದ್ದುದು ನನ್ನ ಬಾಲ್ಯದ ಪ್ರತಿದಿನದ ದೃಶ್ಯ. ಅದು ಅವಳ ಚಪಲವೆಂದು ನಾವು ಮಕ್ಕಳು ತಿಳಿದಿದ್ದೆವು.

ಭಾಷೆಯವನಿಗೆ ತರಕಾರಿಯಲ್ಲಿಯೂ ಶಬ್ದವೇ ಮೊದಲು ಕಣ್ಣಿಗೆ ಬೀಳುವುದು. ಎಣ್ಣೆಯನ್ನು ಹೀರುವುದರಿಂದ ಹೀರೇಕಾಯಿ ಎಂದು ವಿದ್ಯಾರ್ಥಿಯೊಬ್ಬ ಒಮ್ಮೆ ನಿಷ್ಪತ್ತಿ ಹೇಳಿದ. ಊಹೆ ಸೊಗಸಾದುದೇ, ಆದರೆ ಒಪ್ಪತಕ್ಕುದಲ್ಲ. ತಮಿಳಿನಲ್ಲಿ ಇದು ಪೀರ್ಕ್ಕಂಗಾಯ್, ತೆಲುಗಿನಲ್ಲಿ ಬೀರಕಾಯ. ಹಳಗನ್ನಡದ ಪಾಲು ಹಾಲಾದ, ಪೂವು ಹೂವಾದ ದಾರಿಯಲ್ಲಿಯೇ ಈ ಬಳ್ಳಿಯೂ ಹಬ್ಬಿಕೊಂಡು ಬಂದಿರಬೇಕು. ಸೋರೆಯೂ ಹಾಗೆಯೇ, ತಮಿಳಿನ ಸುರೈಕ್ಕಾಯ್, ತೆಲುಗಿನ ಸೊರಕಾಯ ಅದರ ಒಡಹುಟ್ಟುಗಳು. ಈ ಹೆಸರುಗಳು ನೆರೆಹೊರೆಯ ಭಾಷೆಗಳಲ್ಲೆಲ್ಲ ಬೇರುಬಿಟ್ಟಿರುವುದನ್ನು ನೋಡಿದರೆ, ನಮ್ಮ ಜನ ಈ ಬಳ್ಳಿಗಳೊಡನೆ ಎಷ್ಟು ಕಾಲದಿಂದ ಬಾಳಿದ್ದಾರೆಂಬುದರ ಅಂದಾಜು ಸಿಕ್ಕುತ್ತದೆ. ನಮ್ಮ ಗ್ರಂಥಗಳೂ ಇವನ್ನು ಕೀಳೆಂದು ಎಣಿಸಿದವಲ್ಲ. 1025ರ ಸುಮಾರಿನ ಚಾವುಂಡರಾಯನ ‘ಲೋಕೋಪಕಾರ’ದಲ್ಲಿ ಅಡುಗೆಗೊಂದು ಅಧ್ಯಾಯವಿದೆ. 12ನೆಯ ಶತಮಾನದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ಸಂಸ್ಕೃತದ ತನ್ನ ‘ಮಾನಸೋಲ್ಲಾಸ’ದಲ್ಲಿ ಅನ್ನಭೋಗವನ್ನು ರಾಜಭೋಗಗಳಲ್ಲಿ ಒಂದೆಂದು ವಿವರಿಸಿದ. ರಾಜರೂ ಪ್ರಭುಗಳೂ ಬರೆಯಲು ನಾಚದೆ ಇದ್ದ ವಿಷಯವನ್ನು ಮುಟ್ಟಲು ನಾವು ಅಧ್ಯಾಪಕರು ನಾಚಿದೆವು.

ಈಗ ತಟ್ಟೆಯ ವಿಚಾರಕ್ಕೆ ಬರೋಣ. ರಾಗಿಯ ವಿಷಯದಲ್ಲಿ ನಮ್ಮ ಸೀಮೆಗೆ ಅಭಿಮಾನ ಸಹಜ. ಕನಕದಾಸರು ‘ರಾಮಧಾನ್ಯ ಚರಿತೆ’ಯಲ್ಲಿ ರಾಗಿಗೂ ಅಕ್ಕಿಗೂ ವಾದ ಹೂಡಿಸಿ ರಾಗಿಯನ್ನು ಗೆಲ್ಲಿಸಿದರು. 2023ನ್ನು ವಿಶ್ವಸಂಸ್ಥೆ ಸಿರಿಧಾನ್ಯಗಳ ವರ್ಷವೆಂದು ಸಾರಿತು. ಹೀಗೆ ರಾಗಿಗೆ ಬಿರುದು ಬಂದಿತು, ಸಂತೋಷ. ಆದರೆ ರಾಗಿಯನ್ನು ಉಂಡವರು ಬರಿಯ ರಾಗಿಯನ್ನು ಉಣ್ಣಲಿಲ್ಲವೆಂಬುದನ್ನು ಆ ಸಂಭ್ರಮದಲ್ಲಿ ಯಾರೂ ನೆನೆದಂತೆ ಕಾಣಲಿಲ್ಲ. ಬಸ್ಸಾರನ್ನೇ ನೋಡಿ: ಸೊಪ್ಪು ಕಾಳುಗಳನ್ನು ಬೇಯಿಸಿ ಬಸಿದ ಕಟ್ಟಿನಲ್ಲಿ ಸಾರು, ಉಳಿದುದಕ್ಕೆ ಒಗ್ಗರಣೆ ಹಾಕಿದರೆ ಪಲ್ಯ. ಒಂದು ಪಾತ್ರೆ, ಒಂದು ಉರಿ, ಎರಡು ಪದಾರ್ಥ. ಬಡತನ ಕಲಿಸಿದ ಈ ಜಾಣತನದಲ್ಲಿ ಪಲ್ಯ ಅಲಂಕಾರವಾಗಿರಲಿಲ್ಲ, ಊಟದ ಅರ್ಧವಾಗಿತ್ತು. ಹೈದರಾಬಾದಿನ ರಾಷ್ಟ್ರೀಯ ಪೋಷಣ ಸಂಸ್ಥೆ 2024ರಲ್ಲಿ ಹೊರಡಿಸಿದ ಆಹಾರಸೂತ್ರಗಳಲ್ಲಿ ದಿನಕ್ಕೆ 2000 ಕಿಲೋಕ್ಯಾಲೊರಿಯ ಊಟಕ್ಕೆ ಧಾನ್ಯ 250 ಗ್ರಾಂ, ತರಕಾರಿ ಸೊಪ್ಪುಗಳು 400 ಗ್ರಾಂ ಎಂದಿದೆ. ಧಾನ್ಯಕ್ಕಿಂತ ತರಕಾರಿಯ ತೂಕವೇ ಹೆಚ್ಚು. ಇಂದು ನಮ್ಮ ತಟ್ಟೆಗಳಲ್ಲಿ ಈ ಪ್ರಮಾಣ ತಲೆಕೆಳಗಾಗಿದೆಯೆಂಬುದಕ್ಕೆ ಲೆಕ್ಕಪತ್ರ ಬೇಡ; ಯಾರ ಮನೆಯ ತಟ್ಟೆಯನ್ನಾದರೂ ನೋಡಿದರೆ ಸಾಕು. ನಮ್ಮೂರು ರೇಷ್ಮೆಗೂಡಿನ ಮಾರುಕಟ್ಟೆಗೆ ಹೆಸರಾದುದು. ಹುಳು ಹಿಪ್ಪುನೇರಳೆಯ ಎಲೆಯೊಂದನ್ನೇ ತಿಂದು ರೇಷ್ಮೆ ನೂಲುತ್ತದೆ. ಒಂದೇ ಪದಾರ್ಥದಿಂದ ಹೊಟ್ಟೆ ತುಂಬಿಸಿಕೊಂಡ ಮನುಷ್ಯ ನೂಲುವುದು ಬೊಜ್ಜನ್ನು, ಬಳಿಕ ಔಷಧದ ಚೀಟಿಯನ್ನು.

ಕಳೆದ ವರ್ಷ ಮಂಗರಸನ ಪಾಠದ ದಿನ ನಾನು ಪದ್ಧತಿಯನ್ನು ಮುರಿದೆ. ಮನೆಯಲ್ಲಿ ಒಂದು ಪಲ್ಯ ಮಾಡಬಲ್ಲವರು ಕೈಯೆತ್ತಿ ಎಂದೆ. ಅರವತ್ತು ಮಂದಿಯಲ್ಲಿ ಹನ್ನೊಂದು ಕೈಗಳೆದ್ದವು. ಅದರಲ್ಲಿ ಹುಡುಗರದು ಒಂದು. ಆ ಹುಡುಗ ಸಾತನೂರಿನ ಕಡೆಯವನು, ತಾಯಿಯಿಲ್ಲದವನು. ಉಳಿದ ಹುಡುಗರು ನಕ್ಕರು. ಪಟ್ಟಣದಲ್ಲಿ ಬಾಡಿಗೆಯ ಕೋಣೆ ಹಿಡಿದಿರುವ ಅವರು ಸಂಜೆಗೆ ಏನುಣ್ಣುತ್ತಾರೆಂದು ಕೇಳಿದರೆ ಬಂದ ಉತ್ತರ: ಅನ್ನ ಮಾಡಿಕೊಂಡು ಹೋಟೆಲಿನ ಸಾರು, ಇಲ್ಲವೆ ಬೀದಿಯ ಗೋಬಿ ಮಂಚೂರಿ. ಇವರಲ್ಲಿ ಅನೇಕರ ಮನೆಯ ಹೊಲದಲ್ಲಿ ಹೀರೆಯ ಚಪ್ಪರವಿದೆ. ಒಂದೆರಡು ದಿನಕ್ಕೊಮ್ಮೆ ಕೀಳದಿದ್ದರೆ ಕಾಯಿ ಬಲಿತು ನಾರಾಗುತ್ತದೆಂದು ಅಪ್ಪ ಅವ್ವಂದಿರು ಕತ್ತಲಲ್ಲೆದ್ದು ಕಿತ್ತು ಬೆಂಗಳೂರಿಗೆ ಕಳುಹಿಸುತ್ತಾರೆ. ಮಗ ಅದೇ ಹೊತ್ತಿನಲ್ಲಿ ಪಟ್ಟಣದ ಕೋಣೆಯಲ್ಲಿ ಬಣ್ಣದ ಹಿಟ್ಟಿನಲ್ಲಿ ಕರಿದ ಹೂಕೋಸನ್ನು ತಿಂದು ಮಲಗಿರುತ್ತಾನೆ.

ಇದಕ್ಕೆ ಬರುವ ಆಕ್ಷೇಪಗಳನ್ನು ನಾನು ಅರಿಯದವನಲ್ಲ. ಸಮಯವೆಲ್ಲಿದೆ ಎಂಬುದು ಮೊದಲನೆಯದು. ಅದಕ್ಕೆ ನನ್ನ ಉತ್ತರ ಆಗಲೇ ಹೇಳಿದ ಹತ್ತು ನಿಮಿಷ. ಎರಡನೆಯ ಆಕ್ಷೇಪ ತೂಕವುಳ್ಳದ್ದು. ನನ್ನ ಸಹೋದ್ಯೋಗಿಯಾದ ಮಹಿಳೆಯೊಬ್ಬರು ಕೇಳಿದರು: “ಸಾರ್, ನಾವು ಒಲೆಯ ಮುಂದಿನಿಂದ ಎದ್ದು ಕಾಲೇಜಿನವರೆಗೆ ಬರೋದಕ್ಕೆ ಮೂರು ತಲೆಮಾರು ಹಿಡಿಯಿತು. ಈಗ ನೀವು ಪಲ್ಯದ ಮಹಿಮೆ ಹಾಡಿದರೆ ಅದನ್ನ ಮಾಡೋಕೆ ಯಾರನ್ನ ಕರೀತಾರೆ ಅನ್ನೋದು ನಿಮಗೆ ಗೊತ್ತಿಲ್ವೆ?” ನನಗೆ ಗೊತ್ತಿತ್ತು. ಹಳೆಯ ಊಟವನ್ನು ಹೊಗಳುವ ಗಂಡಸರಲ್ಲಿ ಬಹುಮಂದಿ ಹೊಗಳುತ್ತಿರುವುದು ಹೆಂಗಸರ ಪುಕ್ಕಟೆ ದುಡಿಮೆಯನ್ನು. ಅವ್ವ ನಲವತ್ತೈದು ವರ್ಷ ದಿನಕ್ಕೆರಡು ಬಾರಿ ಒಲೆ ಹೊತ್ತಿಸಿದಳು; ಆ ಅವಧಿಯಲ್ಲಿ ನಾನು ಎರಡು ಪದವಿಗಳನ್ನು ಪಡೆದೆ. ಆದುದರಿಂದ ನನ್ನ ವಾದ ಪಲ್ಯವನ್ನು ಉಳಿಸಬೇಕೆಂಬುದಷ್ಟೇ ಅಲ್ಲ. ಗಂಡಸರು ಅದನ್ನು ಕಲಿತು ಉಳಿಸಬೇಕೆಂಬುದು. ಅಷ್ಟಾಗದೆ ಹೋದರೆ ಅದು ಹೋಗುವುದೇ ನ್ಯಾಯವೆಂದು ಹೇಳುವುದಕ್ಕೂ ನಾನು ಸಿದ್ಧ.

ಚನ್ನಪಟ್ಟಣದಲ್ಲಿ ಅಕ್ಕನ ಮನೆಯ ಹತ್ತಿರ ಅರಗಿನ ಬಣ್ಣದ ಆಟಿಕೆಗಳ ಅಂಗಡಿಗಳಿವೆ. ಹಾಲೆಮರದ ನುಣುಪಾದ ತುಂಡುಗಳಿಂದ ಕಡೆದ ಬುಗುರಿ, ಬಂಡಿ, ಕುದುರೆ, ಜೊತೆಗೆ ಪುಟ್ಟ ಒಲೆ, ಒರಳು, ಬೀಸುವ ಕಲ್ಲು, ಪಾತ್ರೆಗಳ ಅಡುಗೆಯ ಕಟ್ಟು. ಕೊಳ್ಳುವವರನ್ನು ಒಂದು ಗಂಟೆ ನಿಂತು ನೋಡಿದೆ. ಅಡುಗೆಯ ಕಟ್ಟನ್ನು ಕೊಂಡವರೆಲ್ಲ ಅದನ್ನು ಹುಡುಗಿಯರ ಕೈಗೇ ಕೊಟ್ಟರು. ಒಬ್ಬ ಪುಟ್ಟ ಹುಡುಗ ಆ ಒಲೆಯನ್ನೇ ಹಿಡಿದು ಹಟ ಮಾಡಿದಾಗ ತಂದೆ ಅದನ್ನು ಬಿಡಿಸಿ ಬಂಡಿಯೊಂದನ್ನು ಇಟ್ಟ. ನಮ್ಮ ತರಗತಿಯಲ್ಲಿ ಒಂದೇ ಹುಡುಗನ ಕೈ ಏಕೆದ್ದಿತೆಂಬುದಕ್ಕೆ ಉತ್ತರ ಆ ಅಂಗಡಿಯಲ್ಲಿ ಸಿಕ್ಕಿತು.

ಇನ್ನೊಂದು ಮಾತು. ಈಚೆಗೆ ಬೆಂಗಳೂರಿನ ದೊಡ್ಡ ಅಂಗಡಿಗಳಲ್ಲಿ ಜುಕೀನಿ ಎಂಬ ಕಾಯಿ ಕಾಣಿಸಿಕೊಂಡಿದೆ. ಆರೋಗ್ಯದ ಹೆಸರಿನಲ್ಲಿ ಅದಕ್ಕೆ ಒಳ್ಳೆಯ ಬೆಲೆ. ಅದು ಕುಂಬಳದ ಜಾತಿಯದು, ಎಳೆಯದಾಗಿಯೇ ಕಿತ್ತು ತಿನ್ನುವಂಥದು. ಇಟಲಿಯಲ್ಲಿ ರೂಪುಗೊಂಡದ್ದು, ಮೂಲ ಅಮೆರಿಕ ಖಂಡದ್ದು. ಪರದೇಶದ್ದೆಂದು ಅದನ್ನು ಜರೆಯುವವರ ಗುಂಪಿಗೆ ನಾನು ಸೇರಿದವನಲ್ಲ. ನಾವು ನಮ್ಮದೆಂದೇ ನಂಬಿ ಹುಳಿ ಮಾಡುವ ಸಿಹಿಕುಂಬಳವೂ, ಒಣಗಿಸಿ ಒಗ್ಗರಣೆಗೆ ಹಾಕುವ ಮೆಣಸಿನಕಾಯಿಯೂ ಅದೇ ಖಂಡದಿಂದ ಬಂದವು; ಮಂಗರಸನ ಕಾಲದ ಒಗ್ಗರಣೆಯಲ್ಲಿ ಮೆಣಸಿನಕಾಯಿ ಇರಲಿಲ್ಲ. ಮೇಲೆ ಹೇಳಿದ ಕ್ರಮದಲ್ಲಿ ಜುಕೀನಿಯನ್ನೂ ಮಾಡಿ ನೋಡಿದೆ; ಒಪ್ಪುವಂತಹ ಪಲ್ಯವೇ ಆಯಿತು. ನನ್ನ ತಕರಾರು ಕಾಯಿಯ ಮೇಲಲ್ಲ. ಹೊರಗಿನಿಂದ ಬಂದ ಎಳೆಗಾಯಿಯನ್ನು ಆರೋಗ್ಯವೆಂದು ಕೊಂಡು, ಹಿತ್ತಲಿನ ಎಳೆಗಾಯಿಯನ್ನು ಬಡತನವೆಂದು ಬಿಡುವ ಬುದ್ಧಿಯ ಮೇಲೆ.

ಭಾಷೆಯ ಅಧ್ಯಾಪಕನಾಗಿ ನನಗೆ ಕಾಣುವ ನಷ್ಟವೂ ಒಂದುಂಟು. ಹೆಚ್ಚು, ಕೊಚ್ಚು, ಹೆರೆ, ತುರಿ, ಸಿಗಿ, ಬಾಡಿಸು, ಬಸಿ, ಕದಡು, ಸೀಯು, ಹದ, ನುರುಕು — ಒಂದೊಂದು ಶಬ್ದಕ್ಕೂ ಕೈಯ ಬೇರೆ ಬೇರೆ ಚಲನೆಯಿದೆ, ಉರಿಯ ಬೇರೆ ಬೇರೆ ಅವಸ್ಥೆಯಿದೆ. ಈಗಿನ ವಿದ್ಯಾರ್ಥಿಗೆ ಇವೆಲ್ಲವೂ ‘ಕಟ್ ಮಾಡು’, ‘ಫ್ರೈ ಮಾಡು’ ಎಂಬೆರಡರಲ್ಲಿ ಅಡಗಿಹೋಗಿವೆ. ಕೈ ಮರೆತ ಕ್ರಿಯೆಯನ್ನು ನಿಘಂಟು ಉಳಿಸಿಕೊಳ್ಳಲಾರದು. ಮಂಗರಸನ ಶಬ್ದಕ್ಕೆ ಅಡಿಟಿಪ್ಪಣಿ ಬರೆಯುವ ನಾವು ನಾಳೆ ನಮ್ಮ ತಾಯಂದಿರ ಮಾತಿಗೂ ಅಡಿಟಿಪ್ಪಣಿ ಬರೆಯಬೇಕಾದೀತು.

ಆದುದರಿಂದ ಕಾಲೇಜುಗಳಿಗೆ ನನ್ನದೊಂದು ಸಣ್ಣ ಸೂಚನೆ. ಪ್ರತಿಯೊಬ್ಬ ವಿದ್ಯಾರ್ಥಿಯೂ, ಹುಡುಗನಾಗಲಿ ಹುಡುಗಿಯಾಗಲಿ, ಪದವಿ ಪಡೆದು ಹೊರಡುವ ಮುನ್ನ ತನ್ನ ಮನೆಯ ಹಿರಿಯರೊಬ್ಬರಿಂದ ಒಂದು ಪಲ್ಯವನ್ನು ಕಲಿತು, ಅವರು ಬಳಸಿದ ಮಾತುಗಳಲ್ಲಿಯೇ ಅದನ್ನು ಬರೆದು ತರಲಿ. ಕನ್ನಡದ ಪ್ರಬಂಧವೆಂದು ಅದನ್ನು ಒಪ್ಪಿಕೊಳ್ಳೋಣ. ಇದಕ್ಕೆ ಪ್ರಯೋಗಶಾಲೆ ಬೇಡ, ಅನುದಾನ ಬೇಡ. ನನ್ನ ತರಗತಿಯಲ್ಲಿ ಈ ವರ್ಷ ಇದನ್ನು ಆರಂಭಿಸಿದ್ದೇನೆ. ಕೈಗೆ ಬಂದ ಬರೆಹಗಳಲ್ಲಿ ಮೊದಲನೆಯದು ಸಾತನೂರಿನ ಕಡೆಯ ಆ ಹುಡುಗನದು. ಕಲಿಸಲು ಮನೆಯಲ್ಲಿ ಯಾರೂ ಇರಲಿಲ್ಲವಾದುದರಿಂದ ನೆರೆಮನೆಯ ಅಜ್ಜಿಯನ್ನು ಕೇಳಿ ಕಲಿತೆನೆಂದು ಬರೆದಿದ್ದಾನೆ. ಎರಡು ಕಾಗುಣಿತದ ತಪ್ಪುಗಳಿದ್ದವು, ತಿದ್ದಲು ಮನಸ್ಸಾಗಲಿಲ್ಲ.

ಅವ್ವ ಈಗ ಕೋಲೂರಿಕೊಂಡು ನಡೆಯುತ್ತಾಳೆ. ಒಲೆಯ ಹತ್ತಿರ ನಿಲ್ಲಬಹುದೆಂದು ವೈದ್ಯರು ಅಪ್ಪಣೆ ಕೊಟ್ಟು ಒಂದು ವರ್ಷವಾಯಿತು. ಆದರೂ ರಜೆಯ ದಿನಗಳಲ್ಲಿ ಪಲ್ಯ ನನ್ನದೇ. ಮೊನ್ನೆಯ ಭಾನುವಾರ ಹೀರೇಕಾಯಿಯ ತುದಿಯನ್ನು ಕಚ್ಚಿ ನೋಡಿ ಅವಳ ಕೈಗೊಂದು ಚೂರು ಕೊಟ್ಟೆ. “ನೀನು ನೋಡಿದ ಮೇಲೆ ನನಗ್ಯಾಕೆ?” ಎಂದು ಅದನ್ನು ತಟ್ಟೆಗೇ ಹಿಂದಕ್ಕೆ ಹಾಕಿದಳು.